ಸೋದೆ ಪುಸ್ತಕ ಮುಗಿಯಿತು, ಕೈ ಹಿಡಿದವರಿಗೆ ನಮಸ್ಕಾರ

ನಾಲ್ಕು ವರ್ಷದ ಕೆಲಸ ಮೊನ್ನೆ ಮುಗಿಯಿತು. ಶಿರಸಿ ಹತ್ತಿರದ ಸೋದೆಯಲ್ಲಿ ಆಳಿದ ಅರಸರ ಕೊನೆಗಾಲದ ಬಗ್ಗೆ ನಾನು ಬರೆಯುತ್ತಿದ್ದ ಚಿಕ್ಕ ಪುಸ್ತಕ ಅಚ್ಚಾಗಿ ಮನೆಗೆ ಬಂದಿದೆ. ಮುಖಪುಟದಲ್ಲಿ ನನ್ನೊಬ್ಬಳ ಹೆಸರೇ ಇದೆ. ಉಳಿದವರ ಋಣ ಹೇಳದೆ ಇರಲು ಮನಸ್ಸು ಒಪ್ಪುತ್ತಿಲ್ಲ.

ಶಿರಸಿಯಲ್ಲಿ ಬೆಳೆದ ನಮಗೆ ಸೋದೆ ಅಂದರೆ ವಾದಿರಾಜ ಮಠ, ಸ್ವರ್ಣವಲ್ಲಿ, ಜೈನ ಮಠ, ಮುತ್ತಿನಕೆರೆ. ಅರಸರ ಕತೆ ಕೇಳಿದರೆ ಎಲ್ಲರದ್ದೂ ಒಂದೇ ಮಾತು: 1763ರಲ್ಲಿ ಕೆಳದಿ ಅರಸರ ರಾಜಧಾನಿ ಬಿದನೂರು ಬಿತ್ತು, ಬೆನ್ನಲ್ಲೇ ಹೈದರಾಲಿಯ ಸೈನ್ಯ ಇಲ್ಲಿಗೂ ಬಂತು, ಸೋದೆ ಮುಗಿಯಿತು. ಆದರೆ ಕತೆ ಅಲ್ಲಿಗೆ ಮುಗಿಯಲಿಲ್ಲ. ಅರಸ ಇಮ್ಮಡಿ ಸದಾಶಿವ ಗೋವಾಕ್ಕೆ ಹೋಗಿ ಪೋರ್ಚುಗೀಸರ ಆಸರೆ ಪಡೆದ. ಫೋಂಡಾ, ಜಾಂಬಾವಲಿ, ಕಾಣಕೋಣ, ಕಾಬೊ ದ ರಾಮ, ಇವೆಲ್ಲ ಆಗ ಸೋದೆಯ ನೆಲ. ಹೈದರನ ಕೈಗೆ ಹೋಗದಿರಲಿ ಎಂದು ಪೋರ್ಚುಗೀಸರು ಅಲ್ಲಿ ಸೈನ್ಯ ಇಟ್ಟರು. ಕಾಯಲು ಬಂದವರು ವಾಪಸ್ ಹೋಗಲೇ ಇಲ್ಲ. 1791ರ ಒಪ್ಪಂದದಲ್ಲಿ ಅಷ್ಟೂ ಜಾಗ ಅವರದ್ದೇ ಆಯಿತು. ಅರಸು ಮನೆತನಕ್ಕೆ ಉಳಿದದ್ದು ಫೋಂಡಾ ಹತ್ತಿರ ಬಾಂದಿವಡೆಯ ಅರಮನೆ, ಪೋರ್ಚುಗೀಸ್ ಸರಕಾರ ಕೊಡುತ್ತಿದ್ದ ಹಣ, ಮತ್ತೆ ಸೌಂದೇಕರ ಎಂಬ ಹೆಸರು. ಇದನ್ನು ಓದಿದ ದಿನ ನನಗೆ ಊಟ ಸೇರಿರಲಿಲ್ಲ.

ಘಟ್ಟದ ಮೇಲಿನ ಸೋದೆ 1799ರಲ್ಲಿ ಈಸ್ಟ್ ಇಂಡಿಯಾ ಕಂಪನಿ ಕೈಗೆ ಹೋಯಿತು. ನಮ್ಮ ಉತ್ತರ ಕನ್ನಡ ಜಿಲ್ಲೆ 1862ರವರೆಗೆ ಮದ್ರಾಸಿಗೆ, ಆಮೇಲೆ ಮುಂಬಯಿಗೆ. ಹೀಗಾಗಿ ಅಷ್ಟು ಸಣ್ಣ ರಾಜ್ಯದ ಕಾಗದಪತ್ರ ಎಲ್ಲೆಲ್ಲೋ ಚದುರಿವೆ.

ಮೊದಲ ನಮಸ್ಕಾರ ಕಾಣಕೋಣದ ನಿವೃತ್ತ ಮಾಸ್ತರರಿಗೆ. ನನಗೆ ಪೋರ್ಚುಗೀಸ್ ಬರುವುದಿಲ್ಲ. ತಿಂಗಳಿಗೊಮ್ಮೆ ಗೋವಾ ಗಡಿಯ ಮಾಜಾಳಿ ದಾಟಿ, ಜೆರಾಕ್ಸ್ ಕಟ್ಟು ಹಿಡಿದು ಅವರ ಮನೆಗೆ ಹೋಗುತ್ತಿದ್ದೆ. ಒಂದು ಪುಟದಲ್ಲಿ 'ರೇಯ್ ದ ಸುಂದಾ' ಎಂದಿತ್ತು. ಜಾವಾ ಕಡೆಯ ಸುಂದಾ ಇರಬೇಕು ಎಂದು ನಾನು ಮಗುಚಿಬಿಟ್ಟಿದ್ದೆ. ಮಾಸ್ತರರು ಕೈ ತಡೆದರು. ಆ ಪದದ ಮೇಲೆ ಬೆರಳಿಟ್ಟು, "ಇದು ನಿಮ್ಮ ಸೋದೆಯೇ ಬಾಯಿ, ಸೋದೆಯ ರಾಜ" ಅಂದರು. ಅದುವರೆಗೆ ಸೋದೆ, ಸೋಂದಾ ಎಂದಷ್ಟೇ ಹುಡುಕುತ್ತಿದ್ದ ನಾನು ಹಳೆಯ ಕಟ್ಟುಗಳನ್ನೆಲ್ಲ ಮತ್ತೆ ಬಿಚ್ಚಿದೆ. ಪುಸ್ತಕದ ಅರ್ಧ ಹುಟ್ಟಿದ್ದು ಆ ಬೆರಳಿನಿಂದ.

ಎರಡನೆಯದು ಪಕ್ಕದ ಮನೆ ಅತ್ತಿಗೆಗೆ. ಎರಡು ವರ್ಷದ ಹಿಂದಿನ ಮಳೆಗಾಲದಲ್ಲಿ ಹಂಚು ಒಡೆದು ನೀರು ಇಳಿದು, ನಾನು ಟಿಪ್ಪಣಿ ಬರೆದಿಟ್ಟ ಹನ್ನೊಂದು ಪಟ್ಟಿಗಳೂ (ನೋಟ್‌ಬುಕ್) ನೆನೆದು ಮುದ್ದೆಯಾದವು. ಜಗುಲಿಯಲ್ಲಿ ಕೂತು ಅತ್ತಿದ್ದೆ. ಇನ್ನು ಬರೆಯುವುದೇ ಬೇಡ ಅನ್ನಿಸಿತ್ತು. ಅತ್ತಿಗೆ ಬಂದು ನೋಡಿದರು. "ಅಡಿಕೆ ಒಣಗ್ತು, ಪಟ್ಟಿ ಒಣಗ್ತಿಲ್ಯಾ?" ಅಂದವರೇ ಎಲ್ಲವನ್ನೂ ಬುಟ್ಟಿಯಲ್ಲಿ ಹೊತ್ತುಕೊಂಡು ಹೋದರು. ಅವರ ಅಡಿಕೆ ಅಟ್ಟದ ಮೇಲೆ ಹಾಳೆ ಹಾಳೆಯಾಗಿ ಹರವಿ, ಕೆಳಗೆ ಸಣ್ಣಗೆ ಬೆಂಕಿ ಹಾಕಿ, ದಿನಕ್ಕೆ ಎರಡು ಸಲ ಮಗುಚಿ ಹಾಕಿದರು. ಒಂಬತ್ತು ಪಟ್ಟಿ ಓದುವ ಹಾಗೆ ಉಳಿದವು. ಈಗಲೂ ತೆರೆದರೆ ಹೊಗೆ ವಾಸನೆ ಬರುತ್ತದೆ. ಗೆರಸೊಪ್ಪೆ, ಮಠದ ಉಂಬಳಿ ಎಂದು ನಾನು ಗೀಚಿದ್ದ ಪುಟಗಳ ಅಂಚು ಅಡಿಕೆ ಬಣ್ಣಕ್ಕೆ ತಿರುಗಿದೆ.

ಸದಾಶಿವಗಡಕ್ಕೆ ಮೂರು ಸಲ ಜೊತೆಗೆ ಹತ್ತಿದ ಕಾರವಾರದ ಗೆಳತಿಯರಿಗೆ, ಸೋದೆಯ ಕೋಟೆ ಜಾಗದಲ್ಲಿ ಬಿಸಿಲಲ್ಲಿ ನಿಂತು ದಾರಿ ತೋರಿಸಿದ ಅಜ್ಜನಿಗೆ, ರಾತ್ರಿ ಎರಡು ಗಂಟೆಗೂ ಚಾ ಮಾಡಿಕೊಟ್ಟ ಆಯಿಗೆ, ಎಲ್ಲರಿಗೂ ಕೈ ಮುಗಿಯುತ್ತೇನೆ.

ಬರುವ ಭಾನುವಾರ ಮೊದಲ ಪ್ರತಿ ಹಿಡಿದು ಕಾಣಕೋಣಕ್ಕೆ ಹೊರಟಿದ್ದೇನೆ. ಮಾಸ್ತರರಿಗೆ ಕೊಡಲು ಅತ್ತಿಗೆ ಒಂದು ಡಬ್ಬಿ ತೊಡದೇವು ಮಾಡಿಟ್ಟಿದ್ದಾರೆ.