ನಟನೆ ಬಿಡು ಎಂದವರು ಯಾರು?

ಚಿರಂಜೀವಿಗೆ ಸೋದರಮಾವನ ಆಶೀರ್ವಾದಗಳು.

ಧ್ವನಿಮುದ್ರಣ ಸ್ಟುಡಿಯೊದಲ್ಲಿ ಕೆಲಸ ಸಿಕ್ಕಿದ್ದನ್ನು ಸೂತಕದ ಸುದ್ದಿಯಂತೆ ಬರೆದಿದ್ದೀಯ. "ಇನ್ನು ನಾನು ನಟನಲ್ಲ" ಎಂಬ ಸಾಲು ನನಗೆ ಹಿಡಿಸಲಿಲ್ಲ. ರಂಗದ ಮೇಲೆ ಹಾಡಿದವನು ಗಾಜಿನ ಈಚೆ ಕುಳಿತು ಇನ್ನೊಬ್ಬರ ಹಾಡನ್ನು ಮುದ್ರಿಸಿಕೊಂಡರೆ ಕಳೆದುಹೋಗುವುದೇನು?

ಲಾಸ್ ಏಂಜಲೀಸ್‌ನಲ್ಲಿ 1947ರಲ್ಲಿ ಹುಟ್ಟಿದ ಬ್ರೂಸ್ ಕಿಮ್ಮೆಲ್ ಎಂಬವರ ದಾರಿಯನ್ನು ನೋಡು. ಮೊದಲು ನಟ, ಎಪ್ಪತ್ತರ ದಶಕದ ಟಿ.ವಿ. ಹಾಸ್ಯಮಾಲಿಕೆಗಳಲ್ಲಿ ಸಣ್ಣಪುಟ್ಟ ಪಾತ್ರ. 1976ರಲ್ಲಿ ಒಂದು ಸಂಗೀತಮಯ ಪ್ರಹಸನ ಚಿತ್ರವನ್ನು ಬರೆದು, ಮಾರ್ಕ್ ಹ್ಯಾಗರ್ಡ್ ಜೊತೆ ನಿರ್ದೇಶಿಸಿ, ಅದರಲ್ಲಿ ತಾವೂ ನಟಿಸಿದರು. ಚಿತ್ರದ ಹೆಸರು ಕೇಳಬೇಡ, ಈ ಪತ್ರವನ್ನು ನಿನ್ನ ಅಜ್ಜಿಯೂ ಓದುತ್ತಾಳೆ. 1998ರ ಭಯಾನಕ ಚಿತ್ರ 'ದಿ ಫ್ಯಾಕಲ್ಟಿ'ಯ ಮೂಲಕಥೆಯಲ್ಲಿಯೂ ಅವರ ಪಾಲಿದೆ. ಕಾದಂಬರಿಗಳನ್ನೂ ಬರೆದರು. ಆದರೆ ರಂಗಸಂಗೀತವನ್ನು ಪ್ರೀತಿಸುವವರು ಅವರನ್ನು ನೆನೆಯುವುದು ಅವರು ನಿರ್ಮಿಸಿದ ನೂರಕ್ಕೂ ಹೆಚ್ಚು ಆಲ್ಬಮ್‌ಗಳಿಂದ.

ಅವುಗಳಲ್ಲಿ 1994ರಲ್ಲಿ ಆರಂಭವಾದ 'ಲಾಸ್ಟ್ ಇನ್ ಬಾಸ್ಟನ್' ಸರಣಿಯನ್ನು ನೀನು ಕೇಳಲೇಬೇಕು. ನ್ಯೂಯಾರ್ಕಿನ ರಂಗಮಂದಿರಗಳ ಬೀದಿಯಾದ ಬ್ರಾಡ್‌ವೇಗೆ ಹೋಗುವ ನಾಟಕಗಳನ್ನು ಮೊದಲು ಬಾಸ್ಟನ್, ನ್ಯೂ ಹೇವನ್, ಫಿಲಡೆಲ್ಫಿಯಾ ಊರುಗಳಲ್ಲಿ ಆಡಿಸಿ ಪರೀಕ್ಷಿಸುವ ರೂಢಿಯಿತ್ತು. ಎರಡನೆಯ ಅಂಕ ಎಳೆಯಿತು, ದೃಶ್ಯ ಬದಲಾಯಿತು, ನಾಯಕಿಯ ಶ್ರುತಿಗೆ ಕೂಡಲಿಲ್ಲ ಎಂದು ಅಲ್ಲಿ ಎಷ್ಟೋ ಹಾಡುಗಳು ಉದುರುತ್ತಿದ್ದವು. ಹಾಡು ಕೆಟ್ಟದ್ದೆಂದೇ ಅಲ್ಲ, ನಾಟಕಕ್ಕೆ ಅದು ಬೇಡವಾಗಿರುತ್ತಿತ್ತು. ಅಂಥವನ್ನು ಹುಡುಕಿ ತೆಗೆದು ಹೊಸ ಗಾಯಕರಿಂದ ಹಾಡಿಸಿದ್ದು ಈ ಸರಣಿ. ಬರಿಯ ವ್ಯಾಪಾರಿಗೆ ಇದು ಹೊಳೆಯುವುದು ಕಷ್ಟ. ತಾಲೀಮಿನಲ್ಲಿ ತನ್ನ ಪಾಲಿನ ಹಾಡು ಕತ್ತರಿಯ ಪಾಲಾದದ್ದನ್ನು ಕಂಡ ನಟನಿಗೆ ಹೊಳೆಯುತ್ತದೆ. ನಮ್ಮ ಕಂಪನಿ ನಾಟಕಗಳಲ್ಲಿ ಹೀಗೆ ಬಿಟ್ಟುಹೋದ ರಂಗಗೀತೆಗಳನ್ನು ಯಾರಾದರೂ ಕೂಡಿಡಬಾರದಿತ್ತೇ ಎಂಬ ಹೊಟ್ಟೆಕಿಚ್ಚು ನನಗೆ. ಒನ್ಸ್ ಮೋರ್ ಮೇಲೆ ಒನ್ಸ್ ಮೋರ್ ಬಿದ್ದು ಬೆಳೆಯುತ್ತಿದ್ದ ಹಾಡು ಗ್ರಾಮಫೋನ್ ಪ್ಲೇಟಿಗೆ ಬಂದಾಗ ಮೂರು ಚಿಲ್ಲರೆ ನಿಮಿಷಕ್ಕೆ ಮುದುಡಬೇಕಾಗಿತ್ತು. ಮುದ್ರಣವಾಗದವುಗಳ ಗತಿ ಕೇಳುವುದೇ ಬೇಡ.

ಆದ್ದರಿಂದ ಸ್ಟುಡಿಯೊಗೆ ನೀನು ನಟನಾಗಿಯೇ ಹೋಗು. ಧ್ವನಿಮುದ್ರಿಕೆಯಲ್ಲಿ ಬೆಳಕಿಲ್ಲ, ವೇಷವಿಲ್ಲ, ಪ್ರೇಕ್ಷಕರ ನಗುವಿಲ್ಲ. ಹಾಡಿಗೆ ಮುಂಚಿನ ಎರಡು ಮಾತುಗಳನ್ನು ಉಳಿಸಬೇಕೇ, ಕುಣಿತಕ್ಕೆಂದು ಇಟ್ಟ ವಾದ್ಯಭಾಗವನ್ನು ಎಲ್ಲಿ ಮೊಟಕು ಮಾಡಬೇಕು ಎಂಬುದು ನಾಟಕದ ಪ್ರತಿಯನ್ನು ಓದಿದವನಿಗೆ ಮಾತ್ರ ತಿಳಿಯುತ್ತದೆ. ಗಾಯಕಿ ಶ್ರುತಿಶುದ್ಧವಾಗಿ ಹಾಡಿಯೂ ಸಪ್ಪೆ ಎನಿಸಿದರೆ "ಇನ್ನೊಮ್ಮೆ" ಎನ್ನಬೇಡ. ಈ ಮಾತನ್ನು ಯಾರಿಗೆ ಹೇಳುತ್ತಿದ್ದೀರಿ ಎಂದು ಕೇಳು.

ಹಣದ ಭ್ರಮೆ ಬೇಡ. 1956ರಲ್ಲಿ 'ಮೈ ಫೇರ್ ಲೇಡಿ' ನಾಟಕಕ್ಕೆ ಬಂಡವಾಳ ಹೂಡಿದ್ದೇ ಕೊಲಂಬಿಯಾ ರೆಕಾರ್ಡ್ಸ್‌ನ ಮಾತೃಸಂಸ್ಥೆ ಸಿಬಿಎಸ್. ರಂಗಗೀತೆಗಳ ಎಲ್‌ಪಿ, ಅಂದರೆ ದೊಡ್ಡ ಗ್ರಾಮಫೋನ್ ತಟ್ಟೆ, ಮನೆಮನೆಗೆ ಹೋಗುತ್ತಿದ್ದ ಕಾಲ ಅದು. ಕಿಮ್ಮೆಲ್ ಈ ಕೆಲಸಕ್ಕೆ ಬರುವ ಹೊತ್ತಿಗೆ ಪೇಟೆ ಸಣ್ಣದಾಗಿತ್ತು. ವರೇಸ್ ಸಾರಾಬಾಂಡ್, ಫಿನ್ಸ್‌ವರ್ತ್ ಆ್ಯಲಿ ಎಂದು ಲೇಬಲ್‌ಗಳು (ಆಲ್ಬಮ್ ಹೊರತರುವ ಕಂಪನಿಗಳು) ಬದಲಾಗಿ, ಕೊನೆಗೆ ಕ್ರಿಟ್ಜರ್‌ಲ್ಯಾಂಡ್ ಎಂಬ ತಮ್ಮದೇ ಲೇಬಲ್ ತೆರೆದರು. ಅಲ್ಲಿ ಎಷ್ಟೋ ಸಿ.ಡಿ.ಗಳು ಸಾವಿರ ಪ್ರತಿಗಳಿಗೇ ಸೀಮಿತ. ಕಂಪನಿಗಳು ಬರುತ್ತವೆ, ಹೋಗುತ್ತವೆ. ಯಾರು ಏನು ನುಡಿಸಿದರು ಎಂಬ ಟಿಪ್ಪಣಿಯನ್ನೂ ಸ್ವರಲಿಪಿಯನ್ನೂ ನಿನ್ನ ಬಳಿ ಇಟ್ಟುಕೊ.

ಇನ್ನೊಂದು ಸಂಗತಿ. ಕಿಮ್ಮೆಲ್ ಹಾಡುವುದನ್ನು ಬಿಡಲಿಲ್ಲ. ಗೈ ಹೇನ್ಸ್ ಎಂಬ ಹೆಸರಿನಲ್ಲಿ ತಾವೇ ನಿರ್ಮಿಸಿದ ಆಲ್ಬಮ್‌ಗಳಲ್ಲಿ ಹಾಡಿದರು. ನಿರ್ಮಾಪಕನೇ ನುಗ್ಗಿ ಹಾಡಿದ ಎಂಬ ಮಾತು ಬಾರದಿರಲಿ ಎಂದೋ, ಬರಿಯ ತಮಾಷೆಗೋ, ಅವರಿಗೇ ಗೊತ್ತು. ನನಗೆ ಆ ಕಿಲಾಡಿತನ ಇಷ್ಟ, ಆದರೆ ನೀನು ನಿನ್ನ ಹೆಸರಿನಲ್ಲೇ ಹಾಡು.

ಒಪ್ಪಂದಕ್ಕೆ ಸಹಿ ಹಾಕುವ ಮುನ್ನ ಸಂಜೆಗಳು ನಿನ್ನವೇ ಎಂಬುದನ್ನು ಬರಹದಲ್ಲಿ ಮಾಡಿಸಿಕೊ. ತಾಲೀಮು ನಡೆಯುವುದು ಆಗಲೇ. "ಬೇರೆಲ್ಲಿಯೂ ಹಾಡತಕ್ಕದ್ದಲ್ಲ" ಎಂಬ ಷರತ್ತೇನಾದರೂ ಇದ್ದರೆ ಕಾಗದದ ಫೋಟೊ ತೆಗೆದು ನನಗೆ ಕಳುಹಿಸು, ಪಕ್ಕದ ಮನೆಯ ವಕೀಲರಿಗೆ ತೋರಿಸುತ್ತೇನೆ.

ಇಂತಿ,
ನಿನ್ನ ಸೋದರಮಾವ