ಎರಡು ಚಂದ್ರರ ನಾಡು ಕಟ್ಟುತ್ತಿರುವ ಮಗಳಿಗೆ

ಗಂಗಾವತಿ

ಚಿ. ಕಾವೇರಿಗೆ ದೊಡ್ಡಪ್ಪನ ಆಶೀರ್ವಾದಗಳು.

ಇಲ್ಲಿ ನಾವೆಲ್ಲ ಕ್ಷೇಮ. ನೀನು ಕಳುಹಿಸಿದ ‘ಜೋಡಿತಿಂಗಳ ನಾಡು’ ಕಾದಂಬರಿಯ ಹಾಳೆಗಳೂ ನಕ್ಷೆಯೂ ತಲುಪಿದವು. ನಿನ್ನ ಅಪ್ಪ ಫೋನು ಮಾಡಿ, “ಪರೀಕ್ಷೆ ಹತ್ತಿರ ಬಂದಿರುವಾಗ ಇಲ್ಲದ ಊರಿನ ನಕ್ಷೆ ಬರೆಯುತ್ತಾ ಕುಳಿತಿದ್ದಾಳೆ, ಸ್ವಲ್ಪ ಬುದ್ಧಿ ಹೇಳು ಅಣ್ಣಾ” ಎಂದಿದ್ದಾನೆ. ಹೇಳುತ್ತಿದ್ದೇನೆ. ಅವನು ಬಯಸಿದ ಬುದ್ಧಿ ಇದಲ್ಲದಿರಬಹುದು.

ಮೊದಲು ನಕ್ಷೆ, ಭೂಗೋಳ ಪಾಠ ಮಾಡಿದವನ ಕಣ್ಣು ಅಲ್ಲಿಗೇ ಹೋಗುತ್ತದೆ. ನಿನ್ನ ಹಾಲುಹೊಳೆ ನಡುನಾಡಿನಲ್ಲಿ ಎರಡಾಗಿ ಸೀಳಿ, ಒಂದು ಪೂರ್ವದ ಕಡಲಿಗೂ ಇನ್ನೊಂದು ಪಶ್ಚಿಮದ ಕಡಲಿಗೂ ಹೋಗುತ್ತದೆ. ಹೊಳೆಗಳು ಸಾಮಾನ್ಯವಾಗಿ ಹಾಗೆ ಮಾಡುವುದಿಲ್ಲ. ಕಡಲಂಚಿಗೆ ಬಂದ ಮೇಲೆ ಕವಲೊಡೆಯುವುದುಂಟು. ಅಲ್ಲಿಯವರೆಗೆ ತಗ್ಗು ಹುಡುಕಿಕೊಂಡು ಒಂದನ್ನೊಂದು ಸೇರುತ್ತವೆ. ತುಂಗೆಯೂ ಭದ್ರೆಯೂ ಕೂಡಲಿಯಲ್ಲಿ ಸೇರಿ, ನಮ್ಮ ಸೀಮೆಯನ್ನು ಹಾದು, ಮುಂದೆ ಕೃಷ್ಣೆಯಲ್ಲಿ ಬೆರೆಯುತ್ತವೆ. ಹಾಗೆ ಬೆರೆಯುವ ಮುನ್ನ ತುಂಗಭದ್ರೆ, ಕೃಷ್ಣೆ ಎಂಬ ಎರಡು ಹೊಳೆಗಳ ನಡುವೆ ಉಳಿಯುವ ನೆಲವೇ ಶಾಸನಗಳ ಎಡೆದೊರೆ ನಾಡು, ಈಗಿನವರ ರಾಯಚೂರು ದೋಆಬ್. ಇದಕ್ಕಾಗಿ ವಿಜಯನಗರದವರೂ ಬಹಮನಿಯವರೂ ತಲೆಮಾರುಗಟ್ಟಲೆ ಕಾದಾಡಿದರು. 1520ರಲ್ಲಿ ಕೃಷ್ಣದೇವರಾಯ ರಾಯಚೂರು ಕೋಟೆ ಗೆದ್ದದ್ದು ಬಹಮನಿ ರಾಜ್ಯ ಒಡೆದ ಮೇಲೆ ತಲೆಯೆತ್ತಿದ ಬಿಜಾಪುರದ ಆದಿಲ್‌ಶಾಹಿಗಳ ಕೈಯಿಂದ. ನಿನ್ನ ನಾಡಿನ ಯುದ್ಧಗಳೆಲ್ಲ ಕಪ್ಪುದೊರೆ ಕೆಟ್ಟವನು ಎಂಬ ಒಂದೇ ಕಾರಣಕ್ಕೆ ನಡೆಯುತ್ತವೆ. ಎರಡು ಹೊಳೆಗಳ ನಡುವೆ ಒಂದು ಒಳ್ಳೆಯ ಎರೆ ಹೊಲ ಇಟ್ಟು ನೋಡು. ದೊರೆ ಎಷ್ಟೇ ಒಳ್ಳೆಯವನಾದರೂ ಕತ್ತಿ ಹಿರಿಯುತ್ತಾನೆ.

ಅಣೆಕಟ್ಟಿನ ಅಧ್ಯಾಯದಲ್ಲಿ ಎಲ್ಲರ ಹೊಲಕ್ಕೂ ನೀರು ಸಮನಾಗಿ ಹರಿಯುತ್ತದೆ ಎಂದು ಬರೆದಿದ್ದೀಯೆ. ಕೇಳಲು ಚೆಂದ. 1953ರಲ್ಲಿ ತುಂಗಭದ್ರೆಯ ನೀರು ಕಾಲುವೆಗೆ ಬಂದ ಮೇಲೆ ಜೋಳದ ಸೀಮೆಯಾಗಿದ್ದ ಗಂಗಾವತಿ ಭತ್ತದ ಸೀಮೆಯಾಯಿತು. ಆದರೆ ಅದೇ ಕಾಲುವೆಯ ಕೊನೆಭಾಗದಲ್ಲಿರುವ ರಾಯಚೂರು ಕಡೆಯ ರೈತರನ್ನು ನೀರಿನ ವಿಷಯ ಕೇಳಿ ನೋಡು. ನಿನ್ನ ನಾಡಿನ ಕಾಲುವೆಯ ಕೊನೆಯಲ್ಲಿ ಯಾರಿದ್ದಾರೆ? ಅವರ ಬಗ್ಗೆ ಒಂದು ಸಾಲೂ ಇಲ್ಲ.

ಚಂದ್ರರ ವಿಷಯ. ಎರಡನ್ನು ಆಕಾಶದಲ್ಲಿ ತೂಗುಹಾಕಿ ಮರೆತೇಬಿಟ್ಟಿದ್ದೀಯೆ. ಎರಡೂ ಒಂದೇ ಸಾಲಿಗೆ ಬಂದ ದಿನ ಕಡಲ ಉಬ್ಬರ ಎಷ್ಟಿರಬೇಕು? ಬಂದರಿನವರು ಆ ರಾತ್ರಿ ಮನೆಯಲ್ಲಿ ಮಲಗುತ್ತಾರೆಯೇ? ನಮ್ಮಲ್ಲಿ ಎಳ್ಳ ಅಮಾವಾಸ್ಯೆಗೆ ಹೊಲಕ್ಕೆ ಬುತ್ತಿ ಹೊತ್ತುಕೊಂಡು ಹೋಗಿ ಭೂತಾಯಿಗೆ ನೈವೇದ್ಯವೆಂದು ಚರಗ ಚೆಲ್ಲುತ್ತೇವಲ್ಲ, ನಿನ್ನ ರೈತ ಯಾವ ಚಂದ್ರನ ಅಮಾವಾಸ್ಯೆಗೆ ಚೆಲ್ಲುತ್ತಾನೆ? ದೊಡ್ಡ ಚಂದ್ರನವರು, ಸಣ್ಣ ಚಂದ್ರನವರು ಎಂದು ಎರಡು ಪಂಗಡಗಳಾಗಿ ಹೆಣ್ಣು ಕೊಟ್ಟು ತರುವುದೇ ನಿಂತಿರಬಹುದು. ಇದನ್ನು ನಾನು ತಮಾಷೆಗೆ ಹೇಳುತ್ತಿಲ್ಲ.

ಇನ್ನು ನಿಜವಾಗಿ ಹೇಳಬೇಕಾದದ್ದು. ನಿನ್ನ ನಾಡಿನವರಿಗೆ ತಮ್ಮ ಇತಿಹಾಸವೆಲ್ಲ ಸರಿಯಾಗಿ ಗೊತ್ತಿದೆ. ಯಾರನ್ನು ಕೇಳಿದರೂ ಯಾವ ಗೋಪುರವನ್ನು ಯಾವ ದೊರೆ ಕಟ್ಟಿಸಿದ ಎಂದು ಹೇಳುತ್ತಾರೆ. ಯಾವ ಊರಿನ ಜನರೂ ಹಾಗಿರುವುದಿಲ್ಲ, ಮಗಳೇ. ನಮ್ಮ ಗಂಗಾವತಿ ಹತ್ತಿರದ ಹಿರೇಬೆಣಕಲ್ ಗುಡ್ಡದ ಮೇಲೆ ಚಪ್ಪಡಿ ಕಲ್ಲು ನಿಲ್ಲಿಸಿ ಕಟ್ಟಿದ ನೂರಾರು ಕಲ್ಮನೆಗಳಿವೆ. ಕೆಲವು ಆಳೆತ್ತರವನ್ನೂ ಮೀರಿವೆ, ಕೆಲವಕ್ಕೆ ದುಂಡನೆಯ ಕಿಂಡಿ. ಅವು ಕಬ್ಬಿಣ ಯುಗದವರು ಸತ್ತವರಿಗಾಗಿ ಕಟ್ಟಿದವು. ಸುತ್ತಲಿನ ಹಳ್ಳಿಗಳಲ್ಲಿ ಮಾತ್ರ ಅವು ಮೊರೇರ ಮನೆಗಳು, ಮೊರೇರು ಎಂದರೆ ಗಿಡ್ಡ ಜನ. ಅಷ್ಟು ಸಣ್ಣ ಕಿಂಡಿಯಲ್ಲಿ ನುಸುಳುವವರು ಗಿಡ್ಡರಲ್ಲದೆ ಇನ್ನಾರು? ತಪ್ಪು ಲೆಕ್ಕವಾದರೂ ಲೆಕ್ಕವೇ. ಅಲ್ಲಿಯೇ ಬಂಡೆಯ ಮೇಲೆ ಅರೆಗೋಳದಂಥ ಕಲ್ಲಿನ ನಗಾರಿಯಿದೆ; ಬಡಿದರೆ ದೂರದವರೆಗೆ ಕೇಳುತ್ತದೆ. ಯಾರು, ಯಾವಾಗ, ಯಾಕೆ ಬಡಿಯುತ್ತಿದ್ದರೋ, ಹೇಳುವವರು ಉಳಿದಿಲ್ಲ.

ಬೂದಿದಿಬ್ಬಗಳ ಕಥೆ ಇನ್ನೂ ಸೊಗಸು. ಬಳ್ಳಾರಿಯಿಂದ ಹೊಸಪೇಟೆಗೆ ಹೋಗುವ ದಾರಿಯ ಕುಡತಿನಿಯಲ್ಲಿ ಒಂದಿದೆ, ಹಂಪಿಯ ಬಳಿ ನಿಂಬಾಪುರದಲ್ಲಿ ಇನ್ನೊಂದು. ನಿಂಬಾಪುರದ್ದು ವಾಲಿಯನ್ನು ಸುಟ್ಟ ಬೂದಿ ಎಂದು ಜನ ನಂಬಿದರು. ಇದು ಕಿಷ್ಕಿಂಧೆಯಾದ ಮೇಲೆ ಇಷ್ಟು ಬೂದಿ ಇನ್ನಾರದ್ದಾಗಬೇಕು? ಹತ್ತೊಂಬತ್ತನೆಯ ಶತಮಾನದ ವಿದ್ವಾಂಸರೂ ಇಂಥ ದಿಬ್ಬಗಳ ಬಗ್ಗೆ ಏನೇನೋ ಊಹಿಸಿದರು. ಭೂವಿಜ್ಞಾನಿ ರಾಬರ್ಟ್ ಬ್ರೂಸ್ ಫೂಟ್ ಇದು ದನದ ಸಗಣಿಯ ಬೂದಿ ಎಂದರು. 1950ರ ದಶಕದಲ್ಲಿ ಆಲ್ಚಿನ್ ಎಂಬ ಪುರಾತತ್ವಜ್ಞರು ಈಗಿನ ತೆಲಂಗಾಣದ ಉಟ್ನೂರಿನಲ್ಲಿ ಅಗೆದಾಗ ಬೂದಿಯ ಪದರಗಳಲ್ಲಿ ದನಗಳ ಗೊರಸಿನ ಗುರುತುಗಳೇ ಸಿಕ್ಕವು. ನಾಲ್ಕೈದು ಸಾವಿರ ವರ್ಷಗಳ ಹಿಂದಿನ ದನಗಾಹಿಗಳು ದೊಡ್ಡಿಯಲ್ಲಿ ಸಗಣಿ ಒಟ್ಟಿ ಮತ್ತೆ ಮತ್ತೆ ಸುಟ್ಟಿದ್ದರು. ಹಬ್ಬಕ್ಕೆ ಸುಟ್ಟರೋ ಬೇರೆ ಯಾವುದಕ್ಕೋ, ಆ ಚರ್ಚೆ ಇನ್ನೂ ಮುಗಿದಿಲ್ಲ. ನನಗಂತೂ ವಾಲಿಯ ಕಥೆಯೂ ಬೇಕು, ಗೊರಸಿನ ಗುರುತೂ ಬೇಕು. ನಿನ್ನ ನಾಡಿನಲ್ಲಿ ಎರಡೂ ಇರಲಿ, ಮತ್ತು ಎರಡನ್ನೂ ಬಲ್ಲವರು ಬಹಳ ಮಂದಿ ಇರದಿರಲಿ.

ಗೊತ್ತಾಗುವುದಿದ್ದರೂ ಅದು ಹುಡುಕಿದವನಿಗೇ ಸಿಗಬೇಕೆಂದಿಲ್ಲ. ರಾಯಚೂರು ಜಿಲ್ಲೆಯ ಮಸ್ಕಿಯಲ್ಲಿ 1915ರಲ್ಲಿ ಚಿನ್ನದ ನಿಕ್ಷೇಪ ಹುಡುಕುತ್ತಿದ್ದ ಬೀಡನ್ ಎಂಬ ಗಣಿ ಎಂಜಿನಿಯರ್ ಕಣ್ಣಿಗೆ ಬಂಡೆಯ ಬರಹ ಬಿತ್ತು. ಅಲ್ಲಿಯವರೆಗೆ ಸಿಕ್ಕ ಧರ್ಮಲಿಪಿಗಳಲ್ಲಿ, ಎಂದರೆ ದೊರೆಯೊಬ್ಬ ಧರ್ಮ ಸಾರಲು ಕಲ್ಲುಗಳಲ್ಲಿ ಕೊರೆಸಿದ ಬರಹಗಳಲ್ಲಿ, ‘ದೇವಾನಾಂಪ್ರಿಯ’, ‘ಪ್ರಿಯದರ್ಶಿ’ ಎಂಬ ಬಿರುದುಗಳಷ್ಟೇ ಇದ್ದವು. ಈ ಬಂಡೆಯಲ್ಲಿ ಅಶೋಕ ಎಂಬ ಹೆಸರೇ ಇತ್ತು. ನಿನ್ನ ಕಥೆಯಲ್ಲಿ ಶಾಸನ ಹುಡುಕಿಕೊಂಡು ಹೊರಟ ರಾಜಕುಮಾರನಿಗೇ ಶಾಸನ ಸಿಗುತ್ತದೆ. ಅದನ್ನು ಆಡು ಹುಡುಕಲು ಹೋದವಳಿಗೆ ಕೊಡು.

ಆದ್ದರಿಂದ ಮೂರನೆಯ ಅಧ್ಯಾಯದ ಆ ಹಣ್ಣುಹಣ್ಣು ಋಷಿಯನ್ನು ದಯವಿಟ್ಟು ತೆಗೆದುಬಿಡು. ಪುಟಗಟ್ಟಲೆ ಕುಳಿತು ಪಾಳುಗೋಪುರದ ಚರಿತ್ರೆಯನ್ನೆಲ್ಲ ಒಪ್ಪಿಸುತ್ತಾನೆ. ಅವನ ಜಾಗದಲ್ಲಿ ಗೋಪುರದ ನೆರಳಿನಲ್ಲಿ ಎಮ್ಮೆ ಕಟ್ಟುವ ಹೆಂಗಸೊಬ್ಬಳು ಬರಲಿ. ಅವಳೊಂದು ಕಥೆ ಹೇಳಲಿ, ಅವಳ ಅತ್ತೆ ಅದು ಸುಳ್ಳೆಂದು ಇನ್ನೊಂದು ಹೇಳಲಿ. ನಿಜ ಏನೆಂದು ನೀನು ಬೇರೆ ಹಾಳೆಯಲ್ಲಿ ಬರೆದು ಟ್ರಂಕಿನಲ್ಲಿ ಇಟ್ಟುಕೋ. ನನಗೂ ಹೇಳಬೇಡ.

ಪರೀಕ್ಷೆಯ ವಿಷಯ ನಿನ್ನ ಅಪ್ಪನಿಗೆ ನಾನು ಹೇಳಿಕೊಳ್ಳುತ್ತೇನೆ, ನೀನು ಓದುವುದನ್ನು ಓದಿಕೋ. ತಿದ್ದಿದ ನಕ್ಷೆಯನ್ನು ದೊಡ್ಡ ಹಾಳೆಯಲ್ಲಿ ಅಂಚೆಯಲ್ಲೇ ಕಳುಹಿಸು. ಮೊಬೈಲಿನಲ್ಲಿ ಹೊಳೆಗಳ ಹೆಸರು ನನಗೆ ಕಾಣುವುದಿಲ್ಲ.

ಇಂತಿ,
ನಿನ್ನ ದೊಡ್ಡಪ್ಪ