‘ಅವಾಚ್ಯ ಶಬ್ದಗಳಿಂದ ಬೈದು’ ಎಂದಷ್ಟೇ ಬರೆಯಬೇಡಿ: ಗೃಹ ಸಚಿವರಿಗೊಂದು ಬಹಿರಂಗ ಪತ್ರ

ಮಾನ್ಯ ಗೃಹ ಸಚಿವರೇ,

ಯಲ್ಲಾಪುರ, ಹಳಿಯಾಳ, ಮುಂಡಗೋಡ, ಅಂಕೋಲಾದ ಕಾಡಂಚಿನಲ್ಲಿ ಆಫ್ರಿಕಾ ಮೂಲದ ಬುಡಕಟ್ಟಿನವರಾದ ಸಿದ್ದಿಗಳು ಬದುಕು ಕಟ್ಟಿಕೊಂಡು ತಲೆಮಾರುಗಳೇ ಕಳೆದಿವೆ. ಕನ್ನಡ, ಕೊಂಕಣಿ ಎರಡೂ ಅವರ ಮಾತು. ಆದರೂ ಬೆಂಗಳೂರಿನ ಬಸ್ಸಿನಲ್ಲಿ, ಬಾಡಿಗೆ ಮನೆಯ ಬಾಗಿಲಲ್ಲಿ ಗುಂಗುರು ಕೂದಲು, ಮೈಬಣ್ಣ ನೋಡಿ ‘ಯಾವ ದೇಶ?’ ಎನ್ನುತ್ತಾರೆ. ಕನ್ನಡದಲ್ಲೇ ಉತ್ತರ ಬಂದರೂ ನಂಬುವುದಿಲ್ಲ. ಈ ಪ್ರಶ್ನೆ ಬೈಗುಳಕ್ಕೆ ತಿರುಗಿದಾಗ ಠಾಣೆಯಲ್ಲಿ ಏನಾಗುತ್ತದೆ ಎಂಬುದಕ್ಕಾಗಿ ಈ ಪತ್ರ.

ಠಾಣೆಯಲ್ಲಿ ದೂರು ಬರೆದುಕೊಳ್ಳುವ ರೈಟರ್ ರೂಢಿಯಂತೆ ‘ಅವಾಚ್ಯ ಶಬ್ದಗಳಿಂದ ಬೈದು’ ಎಂದು ಬರೆದರೆ ಕೇಸು ಅಲ್ಲಿಗೇ ಬಿದ್ದುಹೋಗುತ್ತದೆ. ಉಳಿಯುವುದು ಭಾರತೀಯ ನ್ಯಾಯ ಸಂಹಿತೆಯ 352ನೇ ಕಲಂ, ಅಂದರೆ ಶಾಂತಿಭಂಗಕ್ಕೆ ಕೆರಳಿಸುವ ಅವಮಾನ; ಕೋರ್ಟಿನ ಅನುಮತಿಯಿಲ್ಲದೆ ಪೊಲೀಸರು ತನಿಖೆ ಮಾಡಲಾಗದ ಅಸಂಜ್ಞೇಯ ಅಪರಾಧ. ಎನ್‌ಸಿ (ಅಸಂಜ್ಞೇಯ ದೂರು) ಎಂದು ನಮೂದಿಸಿ ಹಿಂಬರಹ ಕೊಟ್ಟರೆ ಮುಗಿಯಿತು. ‘ನೀಗ್ರೋ’, ‘ಆಫ್ರಿಕಾಕ್ಕೆ ಹೋಗು’ ಎಂಬ ಮಾತು ಆಡಿದಂತೆಯೇ ದಾಖಲಾಗಬೇಕು. ಅವಮಾನ ಆಗಿದ್ದು ಹುಟ್ಟಿನ ಗುರುತಿಗೆ ಎಂದು ಆಗ ಕಾಣುತ್ತದೆ, ಪರಿಶಿಷ್ಟ ಜಾತಿ, ಪಂಗಡಗಳ ದೌರ್ಜನ್ಯ ತಡೆ ಕಾಯ್ದೆಯ 3(1)(ಆರ್), ಅಂದರೆ ಬೇಕೆಂದೇ ಅವಮಾನಿಸಿದ ಅಪರಾಧ, ಹಾಕಲು ಆಧಾರ ಸಿಗುತ್ತದೆ. ಅದಕ್ಕೆ ಜಾತಿ ಹೆಸರು ಹಿಡಿದೇ ಬೈದಿರಬೇಕಿಲ್ಲ; ಆ ಷರತ್ತು ಪಕ್ಕದ 3(1)(ಎಸ್)ನದು. ಎರಡನ್ನೂ ಕಲಸಿಕೊಂಡು ‘ಸಿದ್ದಿ ಅಂದಿಲ್ಲವಲ್ಲ’ ಎಂದು ವಾಪಸು ಕಳಿಸುವುದು ಶುದ್ಧ ತಪ್ಪು.

ಘಟನೆ ಮಾತ್ರ ಸಾರ್ವಜನಿಕರ ಕಣ್ಣಿಗೆ ಬೀಳುವ ಜಾಗದಲ್ಲಿ ನಡೆದಿರಬೇಕು. ಹಾಗಾಗಿ ಬಸ್ಸಿನ ನಂಬರು, ನಿಲ್ದಾಣ, ಕೇಳಿಸಿಕೊಂಡವರ ಹೆಸರು ಮೊದಲ ದಿನವೇ ಬೇಕು. ಬೈದವರು ಮೊದಲೇ ಪರಿಚಿತರೇ ಎಂದೂ ಬರೆಯಿಸಿ: ಮನೆ ಮಾಲೀಕರೋ ಸಹೋದ್ಯೋಗಿಯೋ ಆಗಿದ್ದರೆ, ದೂರುದಾರರ ಬುಡಕಟ್ಟಿನ ಗುರುತು ಗೊತ್ತಿತ್ತೆಂದು ಅದೇ ಕಾಯ್ದೆಯ 8(ಸಿ) ಪ್ರಕಾರ, ಅಲ್ಲವೆಂದು ಸಾಬೀತಾಗದ ಹೊರತು, ಕೋರ್ಟು ಭಾವಿಸಲೇಬೇಕು. ಅಪರಿಚಿತರಾದರೆ ಕೇಸು ನಿಲ್ಲುವುದು ಕಷ್ಟ. ಆ ಕೊರತೆ ಕಾನೂನಿನದೇ. 2014ರಲ್ಲಿ ಈಶಾನ್ಯ ರಾಜ್ಯಗಳವರ ಸಮಸ್ಯೆ ಪರಿಶೀಲಿಸಲು ಕೇಂದ್ರ ನೇಮಿಸಿದ್ದ ಬೆಜ್‌ಬರುವಾ ಸಮಿತಿ ಜನಾಂಗೀಯ ನಿಂದನೆಯ ವಿರುದ್ಧ ಕಾನೂನು ಬಿಗಿಯಾಗಬೇಕೆಂದು ಹೇಳಿತ್ತು. 2024ರ ಜುಲೈ 1ರಂದು ಜಾರಿಗೆ ಬಂದ ನ್ಯಾಯ ಸಂಹಿತೆಯಲ್ಲೂ ಅದಕ್ಕೆಂದೇ ಒಂದು ಕಲಂ ಇಲ್ಲ. ರಾಜ್ಯ ಸರ್ಕಾರ ಕೇಂದ್ರಕ್ಕೆ ಬರೆಯಲಿ.

ಉಳಿದದ್ದು ನಿಮ್ಮ ಕೈಯಲ್ಲೇ ಇದೆ. ಉತ್ತರ ಕನ್ನಡದ ಸಿದ್ದಿಗಳು 2003ರಲ್ಲಿ ಪರಿಶಿಷ್ಟ ಪಂಗಡದ ಪಟ್ಟಿ ಸೇರಿದರು, ಧಾರವಾಡ, ಬೆಳಗಾವಿಯವರು 2020ರಲ್ಲಿ. ಹಳೆಯ ಪಟ್ಟಿ ನೋಡಿ ಕಲಘಟಗಿ, ಖಾನಾಪುರದವರನ್ನು ಹೊರಗಿಡಬಾರದು. ದೌರ್ಜನ್ಯ ತಡೆ ಕಾಯ್ದೆಯ 18ಎ ಪ್ರಕಾರ ಎಫ್‌ಐಆರ್‌ಗೆ ಪ್ರಾಥಮಿಕ ವಿಚಾರಣೆ ಬೇಕಿಲ್ಲ. ಬಾಯಿಮಾತಿನ ದೂರನ್ನು ಬರೆದುಕೊಂಡು, ಓದಿ ಹೇಳಿ, ಆಮೇಲೆ ಸಹಿ ಪಡೆಯಬೇಕು. ಪ್ರತಿಯನ್ನು ಕೂಡಲೇ ಕೊಡಬೇಕು. ತನಿಖೆ ಡಿವೈಎಸ್ಪಿ ದರ್ಜೆಗಿಂತ ಕೆಳಗಿನವರದಲ್ಲ, ದೋಷಾರೋಪ ಪಟ್ಟಿಗೆ 60 ದಿನ.

ಇಷ್ಟನ್ನು ಒಂದು ಪುಟದ ಸುತ್ತೋಲೆಯಾಗಿ ಕನ್ನಡದಲ್ಲಿ ಹೊರಡಿಸಿ. ಅದು ಇನ್‌ಸ್ಪೆಕ್ಟರರ ಫೈಲಿನಲ್ಲಿ ಉಳಿಯದೆ ರೈಟರ್ ಮೇಜಿಗೆ ತಲುಪಲಿ.

ಇಂತಿ,
ಸಿದ್ದಿಗಳ ದೂರು ಹಿಡಿದು ಠಾಣೆ, ಕೋರ್ಟು ಅಲೆಯುವವರು